ಪೆಟ್ರಿ ಪ್ಲೇಟ್ ಕೆಳಗೆ ಇಡುವ ಚೌಕಳಿ ಹಾಳೆ: ಯಾವ ಅಳತೆ, ಹೇಗೆ ಮುದ್ರಿಸುವುದು?

ಅಡಿಕೆತೋಟದ ಮಣ್ಣು

ಎಲ್ಲರಿಗೂ ನಮಸ್ಕಾರ. ನಾನು ಸೂಕ್ಷ್ಮಜೀವಶಾಸ್ತ್ರದಲ್ಲಿ ಎಂ.ಎಸ್ಸಿ. ಎರಡನೆಯ ವರ್ಷದ ವಿದ್ಯಾರ್ಥಿನಿ. ತೀರ್ಥಹಳ್ಳಿ ಕಡೆಯ ಅಡಿಕೆ ತೋಟಗಳ ಮಣ್ಣಿನಿಂದ ರಂಜಕ ಕರಗಿಸುವ ಬ್ಯಾಕ್ಟೀರಿಯಾಗಳನ್ನು ಬೇರ್ಪಡಿಸುವುದು ನನ್ನ ಪ್ರಾಜೆಕ್ಟ್. ಸೀರಿಯಲ್ ಡೈಲ್ಯೂಷನ್ (ಮಾದರಿಯನ್ನು ಹಂತಹಂತವಾಗಿ ತೆಳುಗೊಳಿಸುವುದು) ಮಾಡಿ ಪಿಕೊವ್‌ಸ್ಕಾಯಾ ಅಗರ್ (ಕರಗದ ರಂಜಕ ಬೆರೆಸಿದ, ಲೋಳೆಯಂತೆ ಗಟ್ಟಿಯಾಗುವ ಮಾಧ್ಯಮ) ಮೇಲೆ ಹರಡಿದ್ದೇನೆ. ಸುತ್ತ ತಿಳಿಯಾದ ಬಳೆ ಕಟ್ಟಿಕೊಂಡ ಕಾಲೊನಿಗಳು (ಬ್ಯಾಕ್ಟೀರಿಯಾ ಗುಂಪಾಗಿ ಬೆಳೆದ ಚುಕ್ಕೆಗಳು) ಚೆನ್ನಾಗಿ ಬಂದಿವೆ. ಇನ್ನು ಅವನ್ನೆಲ್ಲ ಆರಿಸಿ, ಒಂದೊಂದಕ್ಕೂ ಸಂಖ್ಯೆ ಕೊಟ್ಟು, ಒಂದೇ ಪ್ಲೇಟಿನಲ್ಲಿ ಸಾಲಾಗಿ ಇಟ್ಟುಕೊಳ್ಳಬೇಕು.

ಇದಕ್ಕೆಂದೇ 50 ಚೌಕಗಳ ಮುದ್ರಿತ ನಕ್ಷೆಗಳು ಅಂತರ್ಜಾಲದಲ್ಲಿ ಸಿಗುತ್ತವೆ. ಒಂದನ್ನು ಇಳಿಸಿಕೊಂಡು ಮುದ್ರಿಸಿದೆ. ನಮ್ಮ ಗಾಜಿನ ಪ್ಲೇಟಿಗೂ ಪ್ಲಾಸ್ಟಿಕ್ ಪ್ಲೇಟಿಗೂ ಅದು ಸರಿಯಾಗಿ ಹೊಂದುತ್ತಿಲ್ಲ. ಅಂಚಿನ ಚೌಕಗಳು ಗೋಡೆಯ ಕೆಳಗೆ ಹೋಗುತ್ತವೆ. ಹಾಳೆಯನ್ನು ಪ್ಲೇಟಿನ ತಳಕ್ಕೆ ಅಂಟಿಸಬೇಕೋ, ಸುಮ್ಮನೆ ಕೆಳಗಿಟ್ಟುಕೊಂಡರೆ ಸಾಕೋ? ಇದೇ ಹಾಳೆಯನ್ನು ಕಾಲೊನಿ ಎಣಿಸಲು ಬಳಸಬಹುದೇ? ಐವತ್ತನ್ನೂ ನೇರವಾಗಿ ಪಿಕೊವ್‌ಸ್ಕಾಯಾ ಅಗರ್ ಮೇಲೆಯೇ ಇಟ್ಟರೆ ರಂಜಕ ಕರಗಿಸುವ ಶಕ್ತಿಯನ್ನೂ ಅಲ್ಲೇ ಹೋಲಿಸಬಹುದಲ್ಲವೇ? ಬಲ್ಲವರು ತಿಳಿಸಿ.

ಲ್ಯಾಬ್ ಮೇಜು

ಅಂಟಿಸಬೇಡಮ್ಮ. ಕಾಗದ ಅಂಟಿಸಿದ ಪ್ಲೇಟ್ ಇನ್‌ಕ್ಯುಬೇಟರಿನ ತೇವಕ್ಕೆ ಸಿಕ್ಕಿದರೆ ಹಾಳೆ ಸುಕ್ಕಾಗುತ್ತದೆ, ಗೆರೆ ಅತ್ತಿತ್ತ ಆಗುತ್ತದೆ. ಬೆಳಕಿಗೆ ಹಿಡಿದು ನೋಡೋಣ ಎಂದರೆ ಕಾಗದ ಅಡ್ಡ ಬರುತ್ತದೆ. ಗಾಜಿನ ಪ್ಲೇಟ್ ಆದರೆ ತೊಳೆಯುವವರಿಗೆ ಗೋಂದು ಕೆರೆಯುವ ಕೆಲಸ ಬೇರೆ. ಒಂದೇ ಒಂದು ಒಳ್ಳೆಯ ಹಾಳೆ ಮಾಡಿ ಲ್ಯಾಮಿನೇಷನ್ ಮಾಡಿಸಿ ಮೇಜಿನ ಮೇಲೆ ಇಟ್ಟುಕೊ. ಪ್ರತಿ ಪ್ಲೇಟನ್ನೂ ಅದರ ಮೇಲೆ ಕೂರಿಸಿ ಕೆಲಸ ಮಾಡು. ಶೇ. 70ರ ಆಲ್ಕೋಹಾಲಿನಿಂದ ಒರೆಸಿದರೆ ಮತ್ತೆ ಸಿದ್ಧ. ಲೇಸರ್ ಪ್ರಿಂಟ್ ಆಗಿರಲಿ. ಇಂಕ್‌ಜೆಟ್ ಮುದ್ರಣಕ್ಕೆ ಲ್ಯಾಮಿನೇಷನ್ನಿನ ಅಂಚಿನಿಂದ ಸ್ಪಿರಿಟ್ ನುಗ್ಗಿದರೆ ಶಾಯಿ ಹರಡಿಕೊಳ್ಳುತ್ತದೆ.

ಪ್ಲೇಟಿನ ಮೇಲೆ ಇರಬೇಕಾದದ್ದು ಎರಡೇ: ಹೆಸರು-ತಾರೀಖು ಮತ್ತು ಒಂದು ಗುರುತು. ಎರಡನ್ನೂ ತಳದ ಭಾಗದಲ್ಲೇ ಬರೆ, ಮುಚ್ಚಳದ ಮೇಲೆ ಬೇಡ. ಹತ್ತು ಪ್ಲೇಟ್ ಒಟ್ಟಿಗೆ ತೆರೆದಾಗ ಮುಚ್ಚಳಗಳು ಅದಲುಬದಲಾಗುವುದು ಎಲ್ಲ ಲ್ಯಾಬಿನಲ್ಲೂ ಇದ್ದದ್ದೇ. ಗುರುತು ಎಂದರೆ ಗಡಿಯಾರದ 12 ಗಂಟೆಯ ಜಾಗದಲ್ಲಿ, ತಳದ ಪಕ್ಕದ ಗೋಡೆಯ ಮೇಲೆ, ಮಾರ್ಕರಿನಿಂದ ಎಳೆದ ಒಂದು ಗೀಟು. ಹಾಳೆಯ ಮೇಲೂ ಅದೇ ಜಾಗದಲ್ಲಿ ಬಾಣ ಇರಲಿ. ಗೀಟು ಬಾಣಕ್ಕೆ ಬಂದು ಕೂತಿತೆಂದರೆ ಪ್ಲೇಟ್ ಎಷ್ಟು ದಿನ ಆದ ಮೇಲೆ ಹೊರಬಂದರೂ 17ನೆಯ ಚೌಕ 17ನೆಯದೇ.

ಅಳತೆಯ ವಿಷಯ. ನಮ್ಮಲ್ಲಿ ಸಿಗುವ ಪ್ಲಾಸ್ಟಿಕ್ ಪ್ಲೇಟ್ ಹೆಚ್ಚಾಗಿ 90 ಮಿ.ಮೀ.ನದು, ಆದರೆ ಅದು ಪ್ಲೇಟಿನ ಹೆಸರು. ಅಗರ್ ಕೂರುವ ಒಳವ್ಯಾಸ ಸುಮಾರು 85 ಮಿ.ಮೀ. ಅಮೆರಿಕದ ನಕ್ಷೆಗಳು 100 ಮಿ.ಮೀ. ಪ್ಲೇಟಿಗಾಗಿ ಮಾಡಿದವು, ಅವು ಇಲ್ಲಿ ಹೊಂದದಿರುವುದು ಸಹಜ. ಗಾಜಿನವಂತೂ ಒಂದೊಂದು ಡಬ್ಬಿಯದು ಒಂದೊಂದು ಅಳತೆ, ಕೆಲವದರ ತಳ ಉಬ್ಬಿರುತ್ತದೆ. ಸ್ಟೀಲ್ ಸ್ಕೇಲ್ ತೆಗೆದುಕೊಂಡು ನಿನ್ನ ಪ್ಲೇಟನ್ನು ನೀನೇ ಅಳೆ, ಆಮೇಲೆ ಹಾಳೆ ಮಾಡು. 85 ಮಿ.ಮೀ. ವೃತ್ತದೊಳಗೆ 10 ಮಿ.ಮೀ. ಚೌಕಗಳನ್ನು ನಡುವಿನಿಂದ ಜೋಡಿಸುತ್ತ ಹೋದರೆ ಪೂರ್ತಿಯಾಗಿ ಒಳಗೆ ಬರುವವು 44, ಅದರಲ್ಲೂ ನಾಲ್ಕರ ಮೂಲೆ ಅಂಚನ್ನು ತಾಕುವಷ್ಟು ಹತ್ತಿರ. ಚೌಕವನ್ನು 9 ಮಿ.ಮೀ.ಗೆ ಇಳಿಸಿದರೆ 52 ಆಗುತ್ತವೆ. ನಿನ್ನ ಐವತ್ತಕ್ಕೆ ಅದು ಸರಿ.

ಮುದ್ರಣದ ಮನೆ

ನಾನು ವಿಜ್ಞಾನದವನಲ್ಲ, ಡಿಟಿಪಿ ಮತ್ತು ಜೆರಾಕ್ಸ್ ಅಂಗಡಿ ನಡೆಸುತ್ತೇನೆ. ಪಕ್ಕದ ಕಾಲೇಜಿನ ವಿದ್ಯಾರ್ಥಿಗಳು ಇಂಥ ಹಾಳೆಗಳನ್ನು ತರುತ್ತಿರುತ್ತಾರೆ. ಅಳತೆ ತಪ್ಪುವುದು ಬಹಳ ಸಲ ಅಂಗಡಿಯಲ್ಲೇ. ಅಮೆರಿಕದ ಫೈಲುಗಳು ಲೆಟರ್ ಹಾಳೆಗೆ ಮಾಡಿದವು; ಅದರ ಅಗಲ 216 ಮಿ.ಮೀ., ನಮ್ಮ ಎ4 ಹಾಳೆಯದು 210. ಪ್ರಿಂಟ್ ಕೊಡುವಾಗ ‘ಫಿಟ್’ ಎಂಬ ಆಯ್ಕೆ ತಾನಾಗಿಯೇ ಹಾಕಿಕೊಂಡಿರುತ್ತದೆ. ಕಂಪ್ಯೂಟರ್ ಇಡೀ ಪುಟವನ್ನು ಸುಮಾರು ಶೇ. 97ಕ್ಕೆ ಕುಗ್ಗಿಸುತ್ತದೆ. ಅಂಚು ಬಿಡುವ ಪ್ರಿಂಟರ್ ಆದರೆ ಇನ್ನೂ ಕುಗ್ಗುತ್ತದೆ. ‘ಆಕ್ಚುವಲ್ ಸೈಜ್’ ಅಥವಾ 100% ಎಂದು ಹೇಳಿಯೇ ಮುದ್ರಿಸಿಕೊಳ್ಳಿ.

ಮತ್ತೊಂದು ಮಾತು: ಫೈಲನ್ನು ವಾಟ್ಸ್ಆ್ಯಪಿನಲ್ಲಿ ಫೋಟೊ ಆಗಿ ಕಳುಹಿಸಬೇಡಿ. ಫೋಟೊ ಆದ ತಕ್ಷಣ ಅದರ ನಿಜವಾದ ಅಳತೆ ಹೋಗಿಬಿಡುತ್ತದೆ, ಅಂಗಡಿಯವನು ಹಾಳೆ ತುಂಬುವಂತೆ ಹಿಗ್ಗಿಸುತ್ತಾನೆ. ಪಿಡಿಎಫ್ ಆಗಿಯೇ, ಡಾಕ್ಯುಮೆಂಟ್ ಆಗಿ ಕಳುಹಿಸಿ. ಒಂದು ಪ್ರತಿ ಸರಿ ಬಂದಿತೆಂದು ಅದನ್ನೇ ಜೆರಾಕ್ಸ್ ಮಾಡಿಸುತ್ತ ಹೋಗುವುದೂ ಬೇಡ, ಪ್ರತಿಯ ಪ್ರತಿ ತೆಗೆದಂತೆ ಅಳತೆ ಜರುಗುತ್ತದೆ. ಹಾಳೆಯ ಕೆಳಗೆ 100 ಮಿ.ಮೀ. ಉದ್ದದ ಒಂದು ಗೆರೆ ಇಟ್ಟುಕೊಳ್ಳಿ, ಅಡ್ಡಕ್ಕೆ ಒಂದು, ಉದ್ದಕ್ಕೆ ಒಂದು. ಮುದ್ರಣವಾದ ಕೂಡಲೇ ಅಂಗಡಿಯಲ್ಲೇ ಸ್ಕೇಲ್ ಇಟ್ಟು ನೋಡಿ.

ಅಡಿಕೆತೋಟದ ಮಣ್ಣು

ಇಬ್ಬರಿಗೂ ಧನ್ಯವಾದಗಳು. ಸ್ಕೇಲ್ ಇಟ್ಟು ನೋಡಿದೆ. ಹಾಳೆಯಲ್ಲಿ 100 ಎಂದು ಬರೆದಿರುವ ಗೆರೆ 97 ಮಿ.ಮೀ. ಬಂದಿದೆ, ನೀವು ಹೇಳಿದಂತೆಯೇ. ಮೂರು ಮಿ.ಮೀ. ಅಷ್ಟು ದೊಡ್ಡ ವ್ಯತ್ಯಾಸವೇ? ಚೌಕ ಒಂದಿಷ್ಟು ಚಿಕ್ಕದಾದರೆ ತೊಂದರೆ ಏನು?

ನೀರಿನ ಮಾದರಿ

ಯಾವ ಕೆಲಸಕ್ಕೆ ಎಂಬುದರ ಮೇಲೆ ಹೋಗುತ್ತದೆ. ನೀವು ಎರಡು ಬೇರೆ ಕೆಲಸಗಳನ್ನು ಒಂದೇ ಹಾಳೆಗೆ ಹೊರಿಸುತ್ತಿದ್ದೀರಿ, ಗೊಂದಲ ಅಲ್ಲೇ ಇದೆ. ಕಾಲೊನಿಗಳನ್ನು ಸಂಖ್ಯೆ ಕೊಟ್ಟು ಇಡುವಾಗ ಚೌಕವೆಂದರೆ ವಿಳಾಸ. ಅದು 10 ಮಿ.ಮೀ. ಇದ್ದರೇನು, 9.7 ಇದ್ದರೇನು, ವಿಳಾಸ ತಪ್ಪುವುದಿಲ್ಲ. ಅಲ್ಲಿ ಕೆಡುವುದು ದಿಕ್ಕು ತಪ್ಪಿದರೆ ಮಾತ್ರ. ಎಣಿಸುವಾಗ ಇದಕ್ಕೆ ತದ್ವಿರುದ್ಧ. ಪ್ಲೇಟನ್ನು ಹೇಗೆ ತಿರುಗಿಸಿಟ್ಟರೂ ಎಣಿಕೆಗೆ ಏನೂ ಆಗದು, ಆದರೆ ಚೌಕದ ವಿಸ್ತೀರ್ಣ ಕರಾರುವಾಕ್ಕಾಗಿರಬೇಕು. ಉದ್ದ 97ಕ್ಕೆ ಇಳಿದರೆ ವಿಸ್ತೀರ್ಣ 94ಕ್ಕೆ ಇಳಿಯುತ್ತದೆ. ಒಂದು ಚದರ ಸೆಂ.ಮೀ. ಎಂದುಕೊಂಡು ನೀವು ಎಣಿಸಿದ್ದು 0.94 ಚದರ ಸೆಂ.ಮೀ. ಆಗಿರುತ್ತದೆ, ಕೊನೆಯ ಲೆಕ್ಕ ಶೇ. 6ರಷ್ಟು ಕಡಿಮೆ ಬರುತ್ತದೆ. ಪ್ರತಿ ಪ್ಲೇಟಿನಲ್ಲೂ ಅದೇ ದಿಕ್ಕಿನಲ್ಲಿ ಕಡಿಮೆ ಬರುವುದರಿಂದ ಎಷ್ಟು ಪ್ಲೇಟ್ ಎಣಿಸಿ ಸರಾಸರಿ ತೆಗೆದರೂ ಆ ಕೊರತೆ ತುಂಬುವುದಿಲ್ಲ.

ಹಾಗೆಂದು ಎಲ್ಲ ಎಣಿಕೆಗೂ ವಿಸ್ತೀರ್ಣ ಬೇಕಿಲ್ಲ. ಪ್ಲೇಟಿನಲ್ಲಿ 30ರಿಂದ 300ರೊಳಗೆ ಕಾಲೊನಿ ಇದ್ದರೆ (ಕೆಲವು ಪದ್ಧತಿಗಳಲ್ಲಿ 25ರಿಂದ 250) ಒಂದನ್ನೂ ಬಿಡದೆ ಎಲ್ಲವನ್ನೂ ಎಣಿಸಬೇಕು. ಆಗ ಚೌಕಳಿ ಇರುವುದು ಎಲ್ಲಿಯವರೆಗೆ ಎಣಿಸಿದೆವು ಎಂಬುದು ಮರೆಯದಿರಲಿ ಎಂದು. ಅದಕ್ಕಿಂತ ದಟ್ಟವಾದ ಪ್ಲೇಟ್ ಬಿಟ್ಟರೆ ಬೇರೆ ಇಲ್ಲ ಎಂಬ ಸಂದರ್ಭದಲ್ಲಿ ಮಾತ್ರ ವಿಸ್ತೀರ್ಣದ ಲೆಕ್ಕಕ್ಕೆ ಇಳಿಯುತ್ತೇವೆ. ಚದರ ಸೆಂ.ಮೀ.ಗೆ ಹತ್ತಕ್ಕಿಂತ ಕಡಿಮೆ ಇದ್ದರೆ 13 ಚೌಕ: ಅಡ್ಡಸಾಲಿನಲ್ಲಿ ಏಳು, ಅದಕ್ಕೆ ಲಂಬವಾಗಿ ಆರು, ಒಂದೇ ಚೌಕ ಎರಡು ಸಲ ಬರದಂತೆ. ಹತ್ತಕ್ಕಿಂತ ಹೆಚ್ಚಿದ್ದರೆ ಇಡೀ ಪ್ಲೇಟನ್ನು ಪ್ರತಿನಿಧಿಸುವಂಥ ನಾಲ್ಕು ಚೌಕ ಸಾಕು. ಸರಾಸರಿಯನ್ನು ಪ್ಲೇಟಿನ ಒಟ್ಟು ವಿಸ್ತೀರ್ಣದಿಂದ ಗುಣಿಸಬೇಕು. ಇಲ್ಲಿ ಇನ್ನೊಂದು ಗುಂಡಿ ಇದೆ: ಗಾಜಿನ ಪ್ಲೇಟಿಗೆ 65 ಚದರ ಸೆಂ.ಮೀ., ಪ್ಲಾಸ್ಟಿಕ್ಕಿಗೆ 57. ಪ್ಲಾಸ್ಟಿಕ್ ಪ್ಲೇಟ್ ಎಣಿಸಿ 65ರಿಂದ ಗುಣಿಸಿದರೆ ಲೆಕ್ಕ ಶೇ. 14ರಷ್ಟು ಉಬ್ಬುತ್ತದೆ. ನಿಮ್ಮ ಪ್ಲೇಟಿನ ಒಳವ್ಯಾಸ 85 ಇದ್ದರೆ ವಿಸ್ತೀರ್ಣ 56.7, ಅಂದರೆ 57 ಎನ್ನುವುದು ಸರಿಯೇ. ಈ ರೀತಿ ಬಂದ ಸಂಖ್ಯೆಯನ್ನು ವರದಿಯಲ್ಲಿ ‘ಅಂದಾಜು’ ಎಂದೇ ಬರೆಯಿರಿ, ಎಣಿಸಿದ್ದು ಎಂದು ಬರೆಯಬೇಡಿ.

ಕಾಲೊನಿ ಎಣಿಸುವ ದೀಪದ ಪೆಟ್ಟಿಗೆಯ, ಅಂದರೆ ಕಾಲೊನಿ ಕೌಂಟರಿನ, ಗಾಜಿನ ಮೇಲೆ ಕೊರೆದಿರುವ ಚೌಕಳಿಗೆ ವೋಲ್ಫ್‌ಹ್ಯೂಗೆಲ್ ಚೌಕಳಿ ಎಂದೇ ಹೆಸರು. ಆ ಹೆಸರಿನ ವಿಜ್ಞಾನಿ ಬರ್ಲಿನ್ನಿನಲ್ಲಿ ಬ್ಯಾಕ್ಟೀರಿಯಾ ಸಂಶೋಧಕ ರಾಬರ್ಟ್ ಕಾಖ್ ಅವರ ಸಹೋದ್ಯೋಗಿಯಾಗಿದ್ದವರು. ಪೆಟ್ರಿ ಕೂಡ ಕಾಖ್ ಅವರ ಸಹಾಯಕರೇ, ಮುಚ್ಚಳದ ತಟ್ಟೆಯ ಬಗ್ಗೆ ಬರೆದದ್ದು 1887ರಲ್ಲಿ. ತಟ್ಟೆಯೂ ಚೌಕಳಿಯೂ ಒಂದೇ ವಠಾರದಲ್ಲಿ ಹುಟ್ಟಿದವು ಎನ್ನಬಹುದು.

ಟೂತ್‌ಪಿಕ್

ಬೆಂಗಳೂರಿನಲ್ಲಿ ಪಿಎಚ್‌.ಡಿ. ಮಾಡುತ್ತಿದ್ದೇನೆ, ಅಣುಜೀವಶಾಸ್ತ್ರ. ನಮ್ಮ ದಿನಗಳು ಈ ಚೌಕಗಳಲ್ಲೇ ಕಳೆಯುತ್ತವೆ. ಆದ್ದರಿಂದ ವಿಳಾಸದ ಹಾಳೆಯ ಬಗ್ಗೆ ಸ್ವಲ್ಪ ವಿವರವಾಗಿ ಬರೆಯುತ್ತೇನೆ.

ಟೂತ್‌ಪಿಕ್‌ಗಳನ್ನು ಬೀಕರಿನಲ್ಲಿ ಹಾಕಿ, ಫಾಯಿಲ್ ಮುಚ್ಚಿ, 121 ಡಿಗ್ರಿಯಲ್ಲಿ ಆಟೋಕ್ಲೇವ್ ಮಾಡಿ, ಒಣಗಿಸಿ ಇಟ್ಟುಕೊಳ್ಳಿ. ಎಡಗಡೆ ಮೂಲ ಪ್ಲೇಟ್, ಬಲಗಡೆ ಹಾಳೆಯ ಮೇಲೆ ಹೊಸ ಪ್ಲೇಟ್. ಟೂತ್‌ಪಿಕ್ಕಿನ ತುದಿಯನ್ನು ಕಾಲೊನಿಯ ನೆತ್ತಿಗೆ ತಾಕಿಸಿದರೆ ಸಾಕು, ಅಗೆಯಬಾರದು. ಕಣ್ಣಿಗೆ ಕಾಣುವಷ್ಟು ಮೆತ್ತಿಕೊಂಡಿತೆಂದರೆ ಅದು ಈಗಾಗಲೇ ಹೆಚ್ಚು. ಹೊಸ ಪ್ಲೇಟಿನಲ್ಲಿ ಚೌಕದ ನಡುವೆ 3-4 ಮಿ.ಮೀ. ಉದ್ದದ ಸಣ್ಣ ಗೀಟು ಎಳೆಯಿರಿ. ಗೆರೆಯವರೆಗೆ ಹೋಗಬೇಡಿ. ಒಂದು ರಾತ್ರಿಯಲ್ಲಿ ಆ ಗೀಟು ಎರಡೂ ಬದಿಗೆ ದಪ್ಪವಾಗುತ್ತದೆ. ಅಗರ್ ಮೇಲೆ ನೀರು ನಿಂತಿದ್ದರೆ ನೆರೆಯವನ ಮನೆಗೂ ಹರಿಯುತ್ತದೆ. ಹಾಗಾಗಿ ಪ್ಲೇಟ್ ಹುಯ್ದ ದಿನವೇ ಬಳಸದೆ ಮೇಲ್ಮೈ ಒಣಗಲು ಬಿಡಿ.

ಒಂದೇ ಕಾಲೊನಿಯನ್ನು ಎರಡು ಮೂರು ಮಾಧ್ಯಮಗಳ ಮೇಲೆ ಇಡುವುದಿದ್ದರೆ ಎಲ್ಲಕ್ಕೂ ಒಂದೇ ನಕ್ಷೆ ಇರಲಿ. ಆಂಟಿಬಯಾಟಿಕ್ ಇರುವ ಪ್ಲೇಟನ್ನು ಮೊದಲು ಮುಟ್ಟಿ, ಏನೂ ಬೆರೆಸದ ಸಾದಾ ಅಗರನ್ನು ಕೊನೆಯಲ್ಲಿ. ಕೊನೆಯದರಲ್ಲಿ ಬೆಳೆದು ಮೊದಲನೆಯದರಲ್ಲಿ ಬೆಳೆಯದಿದ್ದರೆ ಜೀವಕೋಶ ತಲುಪಲಿಲ್ಲ ಎಂಬ ಅನುಮಾನ ಉಳಿಯುವುದಿಲ್ಲ. ಜೋಶುವಾ ಮತ್ತು ಎಸ್ತರ್ ಲೆಡರ್‌ಬರ್ಗ್ ದಂಪತಿ 1952ರಲ್ಲಿ ಮಖಮಲ್ ಬಟ್ಟೆಯ ಮೇಲೆ ಇಡೀ ಪ್ಲೇಟನ್ನೇ ಒತ್ತಿ ಅಚ್ಚು ತೆಗೆದರಲ್ಲ, ನಾವು ಮಾಡುವುದು ಅದನ್ನೇ, ಒಂದೊಂದು ಕಾಲೊನಿಯಾಗಿ.

ಎಲ್ಲಕ್ಕಿಂತ ಹೆಚ್ಚು ಎಚ್ಚರ ಬೇಕಾದದ್ದು ಎಡ-ಬಲದಲ್ಲಿ. ಪ್ಲೇಟುಗಳನ್ನು ಇನ್‌ಕ್ಯುಬೇಟರಿನಲ್ಲಿ ಮಗುಚಿ ಇಡುತ್ತೇವೆ, ಮುಚ್ಚಳದಲ್ಲಿ ಕಟ್ಟುವ ನೀರಿನ ಹನಿ ಅಗರ್ ಮೇಲೆ ಬೀಳದಿರಲಿ ಎಂದು. ಬೆಳಗ್ಗೆ ಹೊರತೆಗೆದವರು ಮಗುಚಿದ ಹಾಗೆಯೇ ತಳದ ಕಡೆಯಿಂದ ನೋಡಿ ಬರೆದುಕೊಳ್ಳುತ್ತಾರೆ. ತಳದಿಂದ ನೋಡಿದರೆ ನಕ್ಷೆ ಕನ್ನಡಿಯಲ್ಲಿ ಕಂಡಂತೆ: ಮೊದಲ ಸಾಲಿನ ಎಡತುದಿಯದು ಬಲತುದಿಗೆ ಹೋಗಿರುತ್ತದೆ. 12 ಗಂಟೆಯ ಗೀಟು ಒಂದೇ ಇದ್ದರೆ ಅದು ನಿಮ್ಮನ್ನು ಕಾಪಾಡುವುದಿಲ್ಲ, ಏಕೆಂದರೆ ಕನ್ನಡಿಯಲ್ಲೂ ಅದು ಮೇಲೆಯೇ ಇರುತ್ತದೆ. ಆದ್ದರಿಂದ ಗುರುತು ಎರಡು ಬೇಕು: 12ಕ್ಕೆ ಉದ್ದ ಗೀಟು, 3ಕ್ಕೆ ಚುಕ್ಕೆ. ಇನ್ನೂ ಗಟ್ಟಿ ಉಪಾಯವೆಂದರೆ ಯಾವುದಾದರೂ ಒಂದು ಮೂಲೆಯ ಚೌಕವನ್ನು ಬೇಕೆಂದೇ ಖಾಲಿ ಬಿಡುವುದು. ಮಾರ್ಕರ್ ಅಳಿಸಿದರೂ ಖಾಲಿ ಚೌಕ ಅಳಿಸುವುದಿಲ್ಲ.

ಲ್ಯಾಬ್ ಮೇಜು

ಎರಡು ಗುರುತಿನ ಮಾತು ಒಪ್ಪಿದೆ, ನಮ್ಮಲ್ಲೂ ಜಾರಿಗೆ ತರುತ್ತೇನೆ. ಖಾಲಿ ಚೌಕದ ಬಗ್ಗೆ ನನಗೆ ಅಷ್ಟು ನಂಬಿಕೆ ಇಲ್ಲ. ಬೆಳೆಯದೆ ಹೋದ ಒಂದು ಐಸೊಲೇಟ್ (ಬೇರ್ಪಡಿಸಿದ ಬ್ಯಾಕ್ಟೀರಿಯಾ) ಕೂಡ ಖಾಲಿ ಚೌಕದಂತೆಯೇ ಕಾಣುತ್ತದೆ. ಮೂರು ಮೂಲೆಯಲ್ಲಿ ಬೆಳೆಯದಿದ್ದರೆ ಯಾವುದು ಗುರುತು, ಯಾವುದು ಸೋಲು?

ಟೂತ್‌ಪಿಕ್

ನ್ಯಾಯವಾದ ಪ್ರಶ್ನೆ, ಮೇಡಂ. ಅದಕ್ಕೆ ಖಾಲಿ ಚೌಕದ ಬದಲು ಖಚಿತವಾಗಿ ಬೆಳೆಯುವ, ಬಣ್ಣದಿಂದ ಬೇರೆಯಾಗಿ ಕಾಣುವ ಕಂಟ್ರೋಲ್ (ಹೋಲಿಕೆಯ) ತಳಿಯನ್ನು ಇಡುವುದೂ ಉಂಟು. ನೀಲಿ-ಬಿಳಿ ಆಯ್ಕೆಯಲ್ಲಿ (ಹೊರಗಿನ ಡಿಎನ್‌ಎ ತುಣುಕು ಸೇರಿದ ಕಾಲೊನಿ ಬಿಳಿ, ಸೇರದ್ದು ನೀಲಿಯಾಗಿ ಕಾಣುವ ಪದ್ಧತಿ) ಒಂದು ಮೂಲೆಗೆ ನೀಲಿ ಕಾಲೊನಿ ಇಟ್ಟರೆ ದಿಕ್ಕೂ ತಿಳಿಯಿತು, ನೀಲಿ ಬಣ್ಣ ಕೊಡುವ ಎಕ್ಸ್-ಗ್ಯಾಲ್ ರಾಸಾಯನಿಕ ಕೆಲಸ ಮಾಡುತ್ತಿದೆಯೇ ಎಂಬುದೂ ತಿಳಿಯಿತು. ಮಣ್ಣಿನ ಬ್ಯಾಕ್ಟೀರಿಯಾಗಳ ಪ್ಲೇಟಿಗೆ ನೀವು ಹೇಳಿದಂತೆ ಎರಡು ಗುರುತೇ ವಾಸಿ.

ಶಿಲೀಂಧ್ರಪ್ರಿಯೆ

ಮೂಲ ಪ್ರಶ್ನೆಯ ಕೊನೆಯ ಭಾಗ ಹಾಗೆಯೇ ಉಳಿದಿದೆ, ಅದು ಮುಖ್ಯ. ದಯವಿಟ್ಟು ಐವತ್ತನ್ನೂ ಪಿಕೊವ್‌ಸ್ಕಾಯಾ ಮೇಲೆ ಇಟ್ಟು ಹೋಲಿಸಬೇಡಿ. ಆ ತಿಳಿ ಬಳೆ ಬರುವುದು ಬ್ಯಾಕ್ಟೀರಿಯಾ ಹೊರಬಿಡುವ ಸಾವಯವ ಆಮ್ಲಗಳು ಅಗರಿನಲ್ಲಿ ಹರಡಿ ಟ್ರೈಕ್ಯಾಲ್ಸಿಯಂ ಫಾಸ್ಫೇಟನ್ನು ಕರಗಿಸುವುದರಿಂದ. ಆಮ್ಲಕ್ಕೆ ನಿಮ್ಮ 9 ಮಿ.ಮೀ. ಗೆರೆ ಕಾಣಿಸುವುದಿಲ್ಲ. ಬಲಶಾಲಿಯೊಂದರ ಬಳೆ ಪಕ್ಕದ ಚೌಕಕ್ಕೆ ನುಗ್ಗುತ್ತದೆ, ಏನೂ ಕರಗಿಸದ ನೆರೆಯವನಿಗೆ ಪುಕ್ಕಟೆ ಬಳೆ ಸಿಗುತ್ತದೆ. ಎರಡು ಬಳೆ ಕೂಡಿದ ಮೇಲೆ ಯಾರದು ಎಷ್ಟು ಎಂದು ಅಳೆಯಲು ಆಗುವುದಿಲ್ಲ.

ಸಂಗ್ರಹದ ಪ್ಲೇಟ್ ಬೇರೆ, ಪರೀಕ್ಷೆಯ ಪ್ಲೇಟ್ ಬೇರೆ ಮಾಡಿ. ಐವತ್ತು ಚೌಕದ ಹಾಳೆ ನ್ಯೂಟ್ರಿಯೆಂಟ್ ಅಗರ್ ಮೇಲಿನ ಸಂಗ್ರಹಕ್ಕೆ. ಪಿಕೊವ್‌ಸ್ಕಾಯಾ ಪ್ಲೇಟಿಗೆ ನಾಲ್ಕು ಚುಕ್ಕೆಗಳ ಹಾಳೆ ಮಾಡಿ: ನಡುವಿನಿಂದ ಸುಮಾರು 24 ಮಿ.ಮೀ. ದೂರದಲ್ಲಿ 12, 3, 6, 9 ಗಂಟೆಗಳಿಗೆ ಒಂದೊಂದು. ಪ್ರತಿ ಐಸೊಲೇಟನ್ನೂ ಮೂರು ಬೇರೆ ಬೇರೆ ಪ್ಲೇಟುಗಳಲ್ಲಿ ಇಡಿ. 28-30 ಡಿಗ್ರಿಯಲ್ಲಿ ಐದರಿಂದ ಏಳು ದಿನ. ಕಾಲೊನಿಯ ವ್ಯಾಸ ಮತ್ತು ಬಳೆಯ ವ್ಯಾಸ ಕೂಡಿಸಿ ಕಾಲೊನಿಯ ವ್ಯಾಸದಿಂದ ಭಾಗಿಸಿದರೆ ಕರಗಿಸುವ ಸೂಚ್ಯಂಕ. ಇಲ್ಲಿ ‘ಬಳೆ’ ಎಂದರೆ ಬಳೆಯ ಅಗಲವನ್ನೋ ಕಾಲೊನಿ ಸೇರಿದ ಒಟ್ಟು ವ್ಯಾಸವನ್ನೋ ತೆಗೆದುಕೊಂಡಿದ್ದೀರಿ ಎಂಬುದನ್ನು ಪ್ರಬಂಧದಲ್ಲಿ ಸ್ಪಷ್ಟವಾಗಿ ಬರೆಯಿರಿ. ಬೇರೆ ಬೇರೆಯವರು ಬೇರೆ ಬೇರೆ ರೀತಿ ಅಳೆಯುವುದರಿಂದ ಅಂಕಿಗಳನ್ನು ಹೋಲಿಸುವಾಗ ತೊಡಕಾಗುತ್ತದೆ.

ನಮ್ಮ ಕಡೆ, ಸಸ್ಯರೋಗ ವಿಭಾಗದಲ್ಲಿ, ಚೌಕಳಿಗಿಂತ ಹೆಚ್ಚು ಬಳಕೆ ಇರುವುದು ವೃತ್ತದ ಹಾಳೆಗೆ. ನಡುವೆ 5 ಮಿ.ಮೀ.ನ ಒಂದು ವೃತ್ತ, ಅದರ ಸುತ್ತ 5 ಮಿ.ಮೀ. ಅಂತರದಲ್ಲಿ ಒಂದರ ಹೊರಗೆ ಒಂದು ವೃತ್ತ, ಮೇಲೆ ಒಂದಕ್ಕೊಂದು ಲಂಬವಾಗಿ ಎರಡು ಗೆರೆ. ಕಾರ್ಕ್ ಬೋರರಿನಿಂದ ಕತ್ತರಿಸಿದ ಶಿಲೀಂಧ್ರದ ಬಿಲ್ಲೆಯನ್ನು ನಡುವಿನ ವೃತ್ತದ ಮೇಲೆ ಸರಿಯಾಗಿ ಕೂರಿಸುತ್ತೇವೆ, ದಿನವೂ ಎರಡೂ ಗೆರೆಗಳ ಮೇಲೆ ವ್ಯಾಸ ಓದಿ ಸರಾಸರಿ ತೆಗೆಯುತ್ತೇವೆ. ಎರಡು ಗೆರೆ ಯಾಕೆಂದರೆ ಶಿಲೀಂಧ್ರ ಎಲ್ಲ ಕಡೆಗೂ ಸಮನಾಗಿ ಹಬ್ಬುವುದಿಲ್ಲ. ಗೆರೆಗಳನ್ನು ಮೊದಲೇ ಮುದ್ರಿಸಿಟ್ಟುಕೊಂಡರೆ ಹೆಚ್ಚು ಬೆಳೆದ ದಿಕ್ಕನ್ನೇ ಹುಡುಕಿ ಅಳೆಯುವ ಆಸೆಗೆ ಅವಕಾಶವಿರುವುದಿಲ್ಲ.

ಶಿಲೀಂಧ್ರನಾಶಕ ಬೆರೆಸಿದ ಮಾಧ್ಯಮದಲ್ಲಿ ಬೆಳವಣಿಗೆ ಎಷ್ಟು ಕುಗ್ಗಿತು ಎಂಬುದಕ್ಕೆ ವಿನ್ಸೆಂಟ್ 1947ರಲ್ಲಿ ಕೊಟ್ಟ ಸೂತ್ರ ಇಂದಿಗೂ ನಡೆಯುತ್ತಿದೆ: ಕಂಟ್ರೋಲಿನ (ಔಷಧಿ ಬೆರೆಸದ ಪ್ಲೇಟಿನ) ವ್ಯಾಸದಿಂದ ಪ್ರಯೋಗದ ವ್ಯಾಸ ಕಳೆದು, ಕಂಟ್ರೋಲಿನಿಂದ ಭಾಗಿಸಿ, ನೂರರಿಂದ ಗುಣಿಸುವುದು. ನೂರಾರು ಪ್ರಬಂಧಗಳಲ್ಲಿ ಕಂಟ್ರೋಲ್ 90 ಮಿ.ಮೀ. ಎಂದು ಬರೆದಿರುತ್ತದೆ. ಅಂದರೆ ಶಿಲೀಂಧ್ರ ಗೋಡೆಗೆ ಬಡಿದು ನಿಂತಿದೆ. ಸ್ಕ್ಲೆರೋಶಿಯಂ ರೋಲ್ಫ್ಸಿಯಂಥ ಓಟಗಾರ ಕೆಲವೇ ದಿನಗಳಲ್ಲಿ ಪ್ಲೇಟ್ ತುಂಬುತ್ತದೆ. ಗೋಡೆ ಮುಟ್ಟಿದ ಮೇಲೆ ಅದರ ವ್ಯಾಸ ಹೆಚ್ಚುವುದಿಲ್ಲ, ಔಷಧಿಯ ಪ್ಲೇಟಿನಲ್ಲಿರುವುದು ಮಾತ್ರ ನಿಧಾನವಾಗಿ ಬೆಳೆಯುತ್ತಲೇ ಇರುತ್ತದೆ. ಆಮೇಲೆ ಅಳೆದರೆ ಔಷಧಿ ನಿಜಕ್ಕಿಂತ ದುರ್ಬಲವಾಗಿ ಕಾಣುತ್ತದೆ. ವೃತ್ತದ ಹಾಳೆಯಲ್ಲಿ 75 ಮಿ.ಮೀ. ವೃತ್ತವನ್ನು ದಪ್ಪಗೆ ಮುದ್ರಿಸಿಕೊಳ್ಳಿ. ಕಂಟ್ರೋಲ್ ಆ ಗೆರೆ ತಲುಪಿದ ದಿನವೇ ಎಲ್ಲ ಪ್ಲೇಟುಗಳ ಕೊನೆಯ ಅಳತೆ. ಅಲ್ಲಿಂದ ಮುಂದೆ ಬೇಡ.

ಅಡಿಕೆತೋಟದ ಮಣ್ಣು

ಶಿಲೀಂಧ್ರಪ್ರಿಯೆ ಅವರೇ, ಇದು ನನ್ನ ಮಾರ್ಗದರ್ಶಕರೊಂದಿಗೆ ಮಾತನಾಡುವಾಗ ಬಹಳ ಉಪಯೋಗಕ್ಕೆ ಬರುತ್ತದೆ. ಒಂದು ಸಂದೇಹ. ಪಿಕೊವ್‌ಸ್ಕಾಯಾ ಅಗರ್ ಹಾಲಿನಂತೆ ಬೆಳ್ಳಗೆ ಮಸುಕಾಗಿರುತ್ತದೆ. ಕೆಳಗಿನ ಹಾಳೆಯ ಚುಕ್ಕೆಗಳು ಕಾಣುವುದೇ ಇಲ್ಲ. ಏನು ಮಾಡಬೇಕು?

ಲ್ಯಾಬ್ ಮೇಜು

ಅಗರನ್ನು ತೀರ ದಪ್ಪ ಹುಯ್ಯಬೇಡ. 85 ಮಿ.ಮೀ. ಪ್ಲೇಟಿಗೆ 20 ಮಿ.ಲೀ. ಹುಯ್ದರೆ ಮೂರೂವರೆ ಮಿ.ಮೀ. ಆಳ ಬರುತ್ತದೆ, ಅಷ್ಟು ಸಾಕು. ಗೆರೆಗಳನ್ನು ದಪ್ಪ ಮಾಡು. ಆದರೂ ಕಾಣದಿದ್ದರೆ ಪಾರದರ್ಶಕವಾದ ಓಎಚ್‌ಪಿ ಹಾಳೆಯ ಮೇಲೆ ಮುದ್ರಿಸಿ, ಅಡಿಯಿಂದ ದೀಪ ಬಿಟ್ಟು ನೋಡು. ಕಾಲೊನಿ ಕೌಂಟರಿನ ದೀಪವೇ ಆಗುತ್ತದೆ. ಅಂಗಡಿಯವರಿಗೆ ಲೇಸರಿಗೆ ಆಗುವ ಓಎಚ್‌ಪಿ ಹಾಳೆಯನ್ನೇ ಹಾಕಲು ಹೇಳು, ಸಾಧಾರಣ ಹಾಳೆ ಒಳಗೆ ಬಿಸಿಗೆ ಕರಗಿ ಯಂತ್ರಕ್ಕೆ ಮೆತ್ತಿಕೊಳ್ಳುತ್ತದೆ. ರಕ್ತದ ಅಗರ್, ಚಾಕೊಲೇಟ್ ಅಗರಿನಂಥವುಗಳಲ್ಲಿ ದೀಪವೂ ಸಾಗುವುದಿಲ್ಲ. ಅಲ್ಲಿ ಪ್ಲೇಟನ್ನು ಮಗುಚಿ, ತಳದ ಮೇಲೆ ಮಾರ್ಕರಿನಿಂದ ಗೆರೆ ಎಳೆದು, ಗೆರೆಯ ತುದಿಗಳನ್ನು ಗೋಡೆಯ ಮೇಲಕ್ಕೂ ಎಳೆಯುವುದು. ಮೇಲಿನಿಂದ ನೋಡಿದಾಗ ಗೋಡೆಯ ಗೀಟುಗಳು ದಾರಿ ತೋರಿಸುತ್ತವೆ.

ಟೂತ್‌ಪಿಕ್

ತಿಳಿಯಾದ ಅಗರಿಗೆ ಇದಕ್ಕೆ ವಿರುದ್ಧವಾದ ತೊಂದರೆ. ಬಿಳಿ ಹಾಳೆಯ ಮೇಲೆ ಬಿಳಿ ಕಾಲೊನಿ ಕಾಣುವುದಿಲ್ಲ. ಹಾಳೆಯನ್ನು ತಿರುಗುಮುರುಗು ಮಾಡಿ: ಹಿನ್ನೆಲೆ ಪೂರ್ತಿ ಕಪ್ಪು, ಗೆರೆ ಮತ್ತು ಸಂಖ್ಯೆ ಬಿಳಿ. ಸಾಸಿವೆಗಿಂತ ಸಣ್ಣ ಕಾಲೊನಿಯೂ ಎದ್ದು ಕಾಣುತ್ತದೆ. ಟೋನರ್ ಹೆಚ್ಚು ಖರ್ಚಾಗುತ್ತದೆ ನಿಜ, ಆದರೆ ಒಂದು ಹಾಳೆ ವರ್ಷಗಟ್ಟಲೆ ಬರುತ್ತದೆ. ಎಣಿಸುವಾಗ ತಲೆಯನ್ನು ಪ್ಲೇಟಿನ ನೇರ ಮೇಲೆ ಇಡಿ. ಗೆರೆ ಮತ್ತು ಕಾಲೊನಿಯ ನಡುವೆ ಅಗರ್, ಪ್ಲಾಸ್ಟಿಕ್, ತಳದ ಏಣಿನಿಂದಾಗುವ ಸಂದು, ಎಲ್ಲ ಸೇರಿ ನಾಲ್ಕೈದು ಮಿ.ಮೀ. ಅಂತರವಿದೆ. ಓರೆಯಾಗಿ ನೋಡಿದರೆ ಕಾಲೊನಿ ಪಕ್ಕದ ಚೌಕದಲ್ಲಿದ್ದಂತೆ ಕಾಣುತ್ತದೆ.

ಎಂಟನೆಯ ತರಗತಿ ಮೇಷ್ಟ್ರು

ಮಧ್ಯೆ ಪ್ರವೇಶಿಸುತ್ತಿದ್ದೇನೆ, ಕ್ಷಮಿಸಿ. ನಮ್ಮದು ಸರ್ಕಾರಿ ಪ್ರೌಢಶಾಲೆ. ಮಕ್ಕಳಿಗೆ ಸೂಕ್ಷ್ಮಜೀವಿಗಳ ಪಾಠವಿದೆ. ಬೂಷ್ಟು ಹೇಗೆ ಹರಡುತ್ತದೆ ಎಂಬುದನ್ನು ಮಕ್ಕಳೇ ಅಳೆದು ನಕ್ಷೆ ಬರೆಯಬೇಕೆಂಬ ಆಸೆ. ಗ್ರಾಫ್ ಹಾಳೆಯನ್ನು ಪ್ಲೇಟಿನ ಕೆಳಗೆ ಇಟ್ಟರೆ ಆಗುತ್ತದೆಯೇ? ಅಗರ್ ಬದಲು ಅಂಗಡಿಯ ಚೈನಾ ಗ್ರಾಸ್ ನಡೆಯುತ್ತದೆಯೇ?

ಶಿಲೀಂಧ್ರಪ್ರಿಯೆ

ಖಂಡಿತ ಆಗುತ್ತದೆ ಸರ್, ಮತ್ತು ಇದಕ್ಕಿಂತ ಒಳ್ಳೆಯ ಬಳಕೆ ಈ ಹಾಳೆಗೆ ಇನ್ನೊಂದಿಲ್ಲ. ಚೈನಾ ಗ್ರಾಸ್ ಅಗರೇ, ಕಡಲಕಳೆಯಿಂದ ತೆಗೆದದ್ದು. ಅದಕ್ಕೇ ಸ್ವಲ್ಪ ಆಲೂಗಡ್ಡೆ ಬೇಯಿಸಿದ ನೀರು, ಸಕ್ಕರೆ ಸೇರಿಸಿ ಪ್ರೆಷರ್ ಕುಕ್ಕರಿನಲ್ಲಿ 20 ನಿಮಿಷ ಇಟ್ಟರೆ ಬೂಷ್ಟಿಗೆ ಒಳ್ಳೆಯ ಊಟ. ಅಡುಗೆಮನೆಯ ಈ ವಸ್ತುವನ್ನು ಕಾಖ್ ಅವರ ಪ್ರಯೋಗಾಲಯಕ್ಕೆ ಸೂಚಿಸಿದ್ದೂ ಅಡುಗೆ ಬಲ್ಲ ಒಬ್ಬ ಮಹಿಳೆ, ಫ್ಯಾನಿ ಹೆಸ್. ಮಕ್ಕಳಿಗೆ ಇದನ್ನೂ ಹೇಳಿ.

ಆದರೆ ಕೆಲವು ಮಾತುಗಳಲ್ಲಿ ರಾಜಿ ಬೇಡ. ಮುಚ್ಚಳವನ್ನು ಎರಡು ಕಡೆ ಟೇಪ್ ಹಾಕಿ ಬಿಗಿಯಿರಿ, ಸುತ್ತಲೂ ಗಾಳಿಯಾಡದಂತೆ ಸುತ್ತಬೇಡಿ. ಒಮ್ಮೆ ಮುಚ್ಚಿದ ಪ್ಲೇಟನ್ನು ಮಕ್ಕಳು ಮತ್ತೆ ತೆರೆಯಬಾರದು. ಗಂಟಲು, ಮೂಗು, ಶೌಚಾಲಯದ ಮಾದರಿ ಬೇಡವೇ ಬೇಡ. ಕೋಣೆಯ ಉಷ್ಣತೆಯಲ್ಲೇ ಇಡಿ. 37 ಡಿಗ್ರಿಯಲ್ಲಿ ಇಟ್ಟರೆ ಮನುಷ್ಯನ ಮೈಯಲ್ಲಿ ಬೆಳೆಯುವಂಥವಕ್ಕೆ ಆಹ್ವಾನ ಕೊಟ್ಟಂತೆ. ಮುಗಿದ ಮೇಲೆ ತೆರೆಯದೆಯೇ ಸ್ಟೀಲ್ ಡಬ್ಬಿಯಲ್ಲಿಟ್ಟು ಕುಕ್ಕರಿನಲ್ಲಿ ಬೇಯಿಸಿ ಆಮೇಲೆ ಎಸೆಯಿರಿ. ಆ ಕುಕ್ಕರ್ ಮತ್ತೆ ಬಿಸಿಯೂಟದ ಅಡುಗೆಮನೆಗೆ ಹೋಗಬಾರದು.

ಅಳೆಯಲು ಹೀಗೆ ಮಾಡಿ. 5 ಮಿ.ಮೀ. ಚೌಕದ ಹಾಳೆಯನ್ನು ಓಎಚ್‌ಪಿ ಮೇಲೆ ಮುದ್ರಿಸಿ ಮುಚ್ಚಳದ ಹೊರಗೆ ಇಡಿ. ಬೂಷ್ಟು ಅರ್ಧಕ್ಕಿಂತ ಹೆಚ್ಚು ಆವರಿಸಿದ ಚೌಕವನ್ನು ಒಂದು ಎಂದು ಎಣಿಸಿ, ಅರ್ಧಕ್ಕಿಂತ ಕಡಿಮೆಯಾದರೆ ಬಿಟ್ಟುಬಿಡಿ. ಗಣಿತ ಪಾಠದಲ್ಲಿ ಎಲೆಯ ವಿಸ್ತೀರ್ಣ ಕಂಡುಹಿಡಿಯುವ ರೀತಿಯೇ. ದಿನವೂ ಒಂದೇ ಹೊತ್ತಿಗೆ ಎಣಿಸಿ ನಕ್ಷೆ ಬರೆದರೆ ವಿಸ್ತೀರ್ಣದ ಗೆರೆ ಮೇಲಕ್ಕೆ ಬಾಗುತ್ತ ಹೋಗುತ್ತದೆ, ತ್ರಿಜ್ಯದ ಗೆರೆ ಹೆಚ್ಚುಕಡಿಮೆ ನೇರವಾಗಿ ಏರುತ್ತದೆ. ಏಕೆ ಎಂದು ಮಕ್ಕಳನ್ನೇ ಕೇಳಿ. ಬ್ರೆಡ್ಡಿನ ಕಪ್ಪು ಬೂಷ್ಟು ನೆಗೆದು ನೆಗೆದು ಹಬ್ಬುವುದರಿಂದ ಅಂಚು ಸಿಗುವುದಿಲ್ಲ. ನಿಂಬೆಹಣ್ಣಿನ ಮೇಲೆ ಬರುವ ಹಸಿರು ಬೂಷ್ಟು ಇದಕ್ಕೆ ಹೆಚ್ಚು ಹೊಂದುತ್ತದೆ.

ರಾತ್ರಿಪಾಳಿ ತಂತ್ರಜ್ಞೆ

ಆಸ್ಪತ್ರೆಯ ಲ್ಯಾಬಿನಿಂದ ಒಂದು ಸೇರಿಸುತ್ತೇನೆ. ಆಂಟಿಬಯಾಟಿಕ್ ಡಿಸ್ಕ್ (ಔಷಧಿ ಹೀರಿಸಿದ ಸಣ್ಣ ಕಾಗದದ ಬಿಲ್ಲೆ) ಇಡಲೂ ಮುದ್ರಿತ ಹಾಳೆ ತುಂಬಾ ನೆರವಾಗುತ್ತದೆ, ವಿಶೇಷವಾಗಿ ಹೊಸಬರಿಗೆ. ಡಿಸ್ಕ್ ಅಗರಿಗೆ ತಾಗಿದ ಕ್ಷಣದಿಂದ ಔಷಧಿ ಇಳಿಯಲು ಶುರುವಾಗುತ್ತದೆ, ಆದ್ದರಿಂದ ಇಟ್ಟ ಮೇಲೆ ಸರಿಸುವಂತಿಲ್ಲ. ಸಣ್ಣ ಪ್ಲೇಟಿಗೆ ಐದಕ್ಕಿಂತ ಹೆಚ್ಚು ಡಿಸ್ಕ್ ಬೇಡ, ಕೇಂದ್ರದಿಂದ ಕೇಂದ್ರಕ್ಕೆ 24 ಮಿ.ಮೀ.ಗಿಂತ ಕಡಿಮೆ ಆಗಬಾರದು. 27 ಮಿ.ಮೀ. ತ್ರಿಜ್ಯದ ವೃತ್ತ ಬರೆದು ಅದರ ಮೇಲೆ ಐದು ಚುಕ್ಕೆ ಸಮದೂರದಲ್ಲಿ ಇಟ್ಟರೆ ಚುಕ್ಕೆಗಳ ನಡುವೆ ಸುಮಾರು 32 ಮಿ.ಮೀ., ಅಂಚಿಗೆ ಸುಮಾರು 15 ಮಿ.ಮೀ. ಸಿಗುತ್ತದೆ. ನಾವು ಇದನ್ನೇ ಲ್ಯಾಮಿನೇಟ್ ಮಾಡಿ ಸೇಫ್ಟಿ ಕ್ಯಾಬಿನೆಟ್ಟಿನ ಮೇಜಿಗೆ ಟೇಪ್ ಹಾಕಿ ಅಂಟಿಸಿದ್ದೇವೆ. ಈ ಪರೀಕ್ಷೆಗೆ ಬಳಸುವ ಮುಲ್ಲರ್-ಹಿಂಟನ್ ಅಗರಿನ ಆಳ 4 ಮಿ.ಮೀ. ಇರಬೇಕೆಂಬುದು ಹಾಳೆಯ ಮೇಲೆಯೇ ಮುದ್ರಿತವಾಗಿದೆ.

ನೀರಿನ ಮಾದರಿ

ಡಿಸ್ಕಿನ ಮಾತು ಬಂದದ್ದರಿಂದ ನೆನಪಾಯಿತು. ಅಡಿಕೆತೋಟದವರು ಮಣ್ಣಿನ ಎಣಿಕೆಗೆ ಅಗರ್ ಉಳಿಸಬೇಕೆಂದಿದ್ದರೆ ಹನಿ ವಿಧಾನ ನೋಡಿ, ಮೈಲ್ಸ್ ಮತ್ತು ಮಿಶ್ರಾ 1938ರಲ್ಲಿ ಪ್ರಕಟಿಸಿದ್ದು. ಪ್ಲೇಟನ್ನು ಆರು ಭಾಗ ಮಾಡುವ ಹಾಳೆ ಮುದ್ರಿಸಿಕೊಳ್ಳಿ, ಒಂದೊಂದು ಭಾಗಕ್ಕೆ ಒಂದೊಂದು ಡೈಲ್ಯೂಷನ್. 20 ಮೈಕ್ರೋಲೀಟರಿನ ಹನಿಗಳನ್ನು ಬಿಟ್ಟು, ಇಂಗುವವರೆಗೆ ಪ್ಲೇಟನ್ನು ಅಲುಗಾಡಿಸದೆ ಇಡಿ. ಒಂದು ಹನಿಯಲ್ಲಿ ಬಂದ ಸರಾಸರಿ ಕಾಲೊನಿಯನ್ನು 50ರಿಂದ ಗುಣಿಸಿದರೆ ಆ ಡೈಲ್ಯೂಷನ್ನಿನ ಒಂದು ಮಿ.ಲೀ.ನ ಲೆಕ್ಕ. ಮಣ್ಣಿನಲ್ಲಿ ಹರಡಿಕೊಳ್ಳುವ ಬ್ಯಾಸಿಲಸ್‌ಗಳು ಹೆಚ್ಚಿದ್ದರೆ ಹನಿಗಳು ಒಂದಕ್ಕೊಂದು ಕೂಡಿಕೊಳ್ಳುತ್ತವೆ, ಆಗ ಇದು ಬೇಡ.

ನಮ್ಮ ಕುಡಿಯುವ ನೀರಿನ ಪರೀಕ್ಷೆಯಲ್ಲಿ ಚೌಕಳಿ ಫಿಲ್ಟರಿನ ಮೇಲೆಯೇ ಮುದ್ರಿತವಾಗಿ ಬರುತ್ತದೆ: 47 ಮಿ.ಮೀ. ಬಿಲ್ಲೆ, ರಂಧ್ರ 0.45 ಮೈಕ್ರಾನ್, ಚೌಕ ಸುಮಾರು 3 ಮಿ.ಮೀ. ಕಾಲೊನಿ ಗೆರೆಯ ಮೇಲೆ ಕೂತರೆ ಯಾವ ಚೌಕಕ್ಕೆ ಸೇರಿಸಬೇಕೆಂಬುದನ್ನು ಎಣಿಸುವ ಮೊದಲೇ ನಿರ್ಧರಿಸಿರುತ್ತೇವೆ: ಮೇಲಿನ ಮತ್ತು ಎಡಗಡೆಯ ಗೆರೆಯವು ಒಳಗೆ, ಕೆಳಗಿನ ಮತ್ತು ಬಲಗಡೆಯವು ಹೊರಗೆ. ನಿಮ್ಮ ಹಾಳೆಗೂ ಇದನ್ನೇ ಪಾಲಿಸಿ.

ಅಡಿಕೆತೋಟದ ಮಣ್ಣು

ಎಲ್ಲರ ಮಾತನ್ನೂ ಓದಿ ಮೂರು ಹಾಳೆ ಮಾಡಬೇಕೆಂದು ತೀರ್ಮಾನಿಸಿದ್ದೇನೆ. ಸಂಗ್ರಹಕ್ಕೆ 9 ಮಿ.ಮೀ. ಚೌಕದ್ದು, ಕಪ್ಪು ಹಿನ್ನೆಲೆ, ಎರಡು ಗುರುತು. ಎಣಿಕೆಗೆ ಸಂಖ್ಯೆಯಿಲ್ಲದ, ಕರಾರುವಾಕ್ಕಾದ 10 ಮಿ.ಮೀ. ಚೌಕದ್ದು. ಬಳೆ ಅಳೆಯಲು ನಾಲ್ಕು ಚುಕ್ಕೆಯದು, ಓಎಚ್‌ಪಿ ಮೇಲೆ. ಇಂಕ್‌ಸ್ಕೇಪ್ ಎಂಬ ನಕ್ಷೆ ಬರೆಯುವ ತಂತ್ರಾಂಶದಲ್ಲಿ ಬರೆಯುತ್ತಿದ್ದೇನೆ. ಒಂದು ಎ4 ಹಾಳೆಯಲ್ಲಿ 90 ಮಿ.ಮೀ.ನ ಎಷ್ಟು ವೃತ್ತ ಇಡಬಹುದು? ಗೆರೆಯ ದಪ್ಪ ಎಷ್ಟಿರಲಿ?

ಮುದ್ರಣದ ಮನೆ

ಲೆಕ್ಕಕ್ಕೆ ಆರು ಹಿಡಿಸುತ್ತವೆ, ಅಡ್ಡಕ್ಕೆ ಎರಡು, ಉದ್ದಕ್ಕೆ ಮೂರು. ಆದರೆ ಬಾಣ, ಗುರುತು, 100 ಮಿ.ಮೀ. ಗೆರೆಗಳಿಗೆ ಜಾಗ ಬೇಕು, ಪ್ರಿಂಟರ್ ಅಂಚಿನಲ್ಲಿ ಕತ್ತರಿಸುತ್ತದೆ ಕೂಡ. ನಾಲ್ಕೇ ಇಡಿ. ಬಿಳಿ ಹಿನ್ನೆಲೆಯ ಮೇಲೆ ಕಪ್ಪು ಗೆರೆಗೆ ಅರ್ಧ ಪಾಯಿಂಟ್ ಸಾಕು, ಕಪ್ಪು ಹಿನ್ನೆಲೆಯ ಬಿಳಿ ಗೆರೆಗೆ ಒಂದು ಪಾಯಿಂಟ್ ಕೊಡಿ, ಇಲ್ಲದಿದ್ದರೆ ಟೋನರ್ ಹರಡಿ ಗೆರೆ ಮುಚ್ಚಿಹೋಗುತ್ತದೆ. ಪುಟದ ಅಳತೆಯನ್ನು ಮೊದಲೇ ಎ4 ಎಂದು ಇಟ್ಟು, ಪಿಡಿಎಫ್ ಮಾಡುವಾಗ ಅಕ್ಷರಗಳನ್ನು ಪಾತ್ (ಗೆರೆಯ ಆಕೃತಿ) ಆಗಿ ಬದಲಿಸಿ. ಆಗ ಕನ್ನಡ ಅಕ್ಷರಗಳು ನಮ್ಮ ಕಂಪ್ಯೂಟರಿನಲ್ಲಿ ಒಡೆಯುವುದಿಲ್ಲ. ಫೈಲ್ ಸಿದ್ಧವಾದ ಮೇಲೆ ಇಲ್ಲಿಯೇ ಹಾಕಿ. ಮೇಷ್ಟ್ರಿಗೆ ಬೇಕಾದ 5 ಮಿ.ಮೀ. ಹಾಳೆಯನ್ನು ನಾನು ಮಾಡಿ ಅದರ ಜೊತೆಗೆ ಸೇರಿಸುತ್ತೇನೆ.